ದೊಡ್ಡಿಯ ಫಿಲಿನ್ನ

ಫಿಲಿನ್ನ ಸತ್ತು ತಿಂಗಳು ತುಂಬಿಲ್ಲ, ಆಗಲೇ ಊರಿನ ಹೆಂಗಸರು ಬುಗ್ಗೆಯ ಹತ್ತಿರ ಕೊಡ ಇಳಿಸಿಕೊಂಡು ಅವಳನ್ನು ದೇವತೆ ಮಾಡುತ್ತಿದ್ದಾರೆ. ಮಕ್ಕಳನ್ನು ವಾಸನೆಯಿಂದಲೇ ಗುರುತು ಹಿಡಿಯುತ್ತಿದ್ದಳಂತೆ. ಕತ್ತಲಲ್ಲಿ ತಲೆ ಸವರಿ ಇದು ಇಂಥವಳ ಕೂಸು ಎಂದು ಹೇಳುತ್ತಿದ್ದಳಂತೆ. ಕೇಳಿ ಕೇಳಿ ನನಗೆ ರೇಗಿಹೋಗಿದೆ. ಅವಳ ಹಾಲು ಕುಡಿದು ಬೆಳೆದವಳು ನಾನು. ಗೊತ್ತಿದ್ದಷ್ಟನ್ನು ಇದ್ದ ಹಾಗೆ ಹೇಳಿಬಿಡುತ್ತೇನೆ, ಆಮೇಲೆ ಬೇಕಾದರೆ ಗುಡಿ ಕಟ್ಟಿಕೊಳ್ಳಲಿ.

ನಮ್ಮ ಕ್ರೇನೈ ಹಳೆಯ ಊರಲ್ಲ. ನನ್ನ ಅಪ್ಪನ ವಯಸ್ಸಿನವರು ಸಮುದ್ರದಾಚೆಯ ಹತ್ತಾರು ಊರುಗಳಿಂದ ಹಡಗು ಹತ್ತಿ ಬಂದು, ಹೊಲಗಳಿಗೆ ಚೀಟಿ ಎತ್ತಿ, ಕೋಟೆಗೋಡೆ ಮೊಣಕಾಲೆತ್ತರ ಏಳುವ ಮೊದಲೇ ಜಗಳ ಶುರು ಮಾಡಿದರು. ಕೊರಿಂಥದವನಿಗೆ ಥೀಬ್ಸಿನವನನ್ನು ಕಂಡರೆ ಆಗದು, ಅವನಿಗೆ ಅಥೆನ್ಸಿನವನನ್ನು ಕಂಡರೆ ಆಗದು. ಕೊನೆಗೆ ನಮಗೆಲ್ಲ ಹೊಂದುವ ಕಾನೂನೊಂದನ್ನು ಮಾಡಿಕೊಡು ಎಂದು ಅಥೆನ್ಸಿನಿಂದ ಫೈನಿಪ್ಪಸ್ ಎಂಬವನನ್ನು ಕರೆಸಿಕೊಂಡರು. ಅಲ್ಲಿನ ಆಲಿವ್ ತೋಪುಗಳಲ್ಲಿ ಜ್ಞಾನಿಗಳ ಹಿಂದೆ ಮುಂದೆ ನಡೆದಾಡಿ ಕಲಿತವನು. ಒಳ್ಳೆಯ ಮನುಷ್ಯ, ಅದನ್ನು ಹೇಳಲೇಬೇಕು. ಯಾರ ಕೈಯಿಂದಲೂ ಕಾಣಿಕೆ ಮುಟ್ಟಲಿಲ್ಲ. ಬಾರ್ಲಿ ಗಂಜಿ ಕುಡಿದು ಬರಿಯ ನೆಲದ ಮೇಲೆ ಮಲಗುತ್ತಿದ್ದ. ಕೆಟ್ಟವನಾಗಿದ್ದರೆ ಊರು ಅವನ ಮಾತು ಕೇಳುತ್ತಿರಲಿಲ್ಲ, ಅದೇ ನಮ್ಮ ದುರದೃಷ್ಟ.

"ನೀವು ಕಚ್ಚಾಡೋದು ಯಾತಕ್ಕೆ?" ಎಂದು ಸಭೆಯಲ್ಲಿ ಕೇಳಿದನಂತೆ. "ನನ್ನ ಮಗ, ನಿನ್ನ ಮಗ ಅನ್ನೋದಕ್ಕೆ. ಯಾವ ಕೂಸು ಯಾರದು ಅಂತ ಯಾರಿಗೂ ಗೊತ್ತಿಲ್ಲ ಅಂತಿಟ್ಕೊಳ್ಳಿ. ಬೀದೀಲಿ ಎಡವಿಬಿದ್ದ ಮಗು ನಂದೇ ಇರಬಹುದು ಅಂತ ಎಲ್ಲರೂ ಓಡಿಬಂದು ಎತ್ಕೋತೀರಿ. ಎದುರಿಗಿರೋ ಹುಡುಗ ನನ್ನ ರಕ್ತಾನೇ ಇರಬಹುದು ಅನ್ನೋವಾಗ ಯಾರ ಮೇಲೆ ಕೈ ಮಾಡ್ತೀರಿ?"

ಹೆತ್ತವರಿಗೆ ಹೆಗ್ಗಣ ಮುದ್ದು ಅನ್ನುತ್ತಾರಲ್ಲ, ಆ ಮುದ್ದೇ ಊರನ್ನು ಕೆಡಿಸುವುದು ಎಂಬುದು ಅವನ ವಾದ. ಮಕ್ಕಳು ಊರಿನ ಸೊತ್ತು. ಊರೇ ಸಾಕಬೇಕು, ಊರೇ ಕಲಿಸಬೇಕು, ಗಂಡು ಹೆಣ್ಣು ಎನ್ನದೆ ಹಾಡು, ಲೆಕ್ಕ, ಕುಸ್ತಿ ಎಲ್ಲ ಹೇಳಿಕೊಟ್ಟು ಯಾರು ಆಳಲು ತಕ್ಕವರು, ಯಾರು ಉಳಲು ತಕ್ಕವರು ಎಂದು ನೋಡಿ ಆರಿಸಬೇಕು. ಗಂಡಸರೆಲ್ಲ ಕೈ ಎತ್ತಿದರು. ದೋಣಿಗೆ ಹುಟ್ಟು ಕೊರೆಯುವ ನನ್ನ ಅಪ್ಪ ಡೆಕ್ಸಿಯಸ್ ಎರಡೂ ಕೈ ಎತ್ತಿದನಂತೆ. ಹೆರುವವರು ಆ ಹೊತ್ತಿನಲ್ಲಿ ಮನೆಯಲ್ಲಿ ಒಲೆ ಊದುತ್ತಿದ್ದರು.

ಬುಗ್ಗೆಯ ಮೇಲಿನ ದಿಬ್ಬದಲ್ಲಿ ಒಂದು ಉದ್ದನೆಯ ಮನೆ ಎದ್ದಿತು. ಫೈನಿಪ್ಪಸ್ ಅದಕ್ಕೆ ಗಂಭೀರವಾದ ಹೆಸರಿಟ್ಟಿದ್ದ. ಜನ ಮಾತ್ರ ದೊಡ್ಡಿ ಎಂದರು. ಹೆರಿಗೆಯಾದ ಕೂಡಲೇ, ತಾಯಿ ಮುಖ ನೋಡುವ ಮೊದಲೇ ಸೂಲಗಿತ್ತಿ ಕೂಸನ್ನು ಬಟ್ಟೆಯಲ್ಲಿ ಸುತ್ತಿ ಒಯ್ಯುತ್ತಿದ್ದಳು. ಕತ್ತಲ ಕೋಣೆಯಲ್ಲಿ ಒಂದಷ್ಟು ಕೂಸುಗಳು ಕೂಡುವ ತನಕ ಇಟ್ಟು, ಬೆರೆಸಿ, ಹೊರಗೆ ತರುತ್ತಿದ್ದಳು. ಬೆರೆಸಿದ ಮೇಲೆ ಅವಳಿಗೂ ತಿಳಿಯದು. ಬರೆದಿಡುವುದಂತೂ ಅಪರಾಧ. ಹಾಲು ಕಟ್ಟಿದ ತಾಯಂದಿರು ಹೊತ್ತು ಹೊತ್ತಿಗೆ ಬಂದು ಕಣ್ಣಿಗೆ ಬಟ್ಟೆ ಕಟ್ಟಿಸಿಕೊಂಡು ಬೆಂಚಿನ ಮೇಲೆ ಸಾಲಾಗಿ ಕೂರುತ್ತಿದ್ದರು. ಮಡಿಲಿಗೆ ಯಾವುದು ಬಿತ್ತೋ ಅದಕ್ಕೆ ಮೊಲೆ ಕೊಟ್ಟು ಎದ್ದು ಹೋಗಬೇಕು.

ಕಣ್ಣು ಬಿಟ್ಟುಕೊಂಡು ಕೆಲಸ ಮಾಡಲು ಒಬ್ಬಳು ಬೇಕಲ್ಲ. ಆ ಒಬ್ಬಳೇ ಫಿಲಿನ್ನ. ಅವಳ ಗಂಡ ಗೋಡೆ ಕಟ್ಟುವಾಗ ಕಲ್ಲು ಜಾರಿ ಸತ್ತಿದ್ದ. ಆಗ ಅವಳು ತುಂಬಿದ ಬಸುರಿ. ಹೆತ್ತ ಕೂಸು ಉಳಿದವುಗಳ ಜೊತೆ ಕತ್ತಲ ಕೋಣೆಗೆ ಹೋಯಿತು. ಗಟ್ಟಿ ಮೈ, ಹಾಲು ಧಾರಾಳ, ಹಿಂದೆ ಮುಂದೆ ಯಾರಿಲ್ಲ. ಇವಳನ್ನೇ ದೊಡ್ಡಿಗೆ ಹಾಕಿ ಎಂದರು ಹಿರಿಯರು. ಅವಳ ಕೂಸು ಆ ಮೊದಲ ವರ್ಷದ ಹಿಂಡಿನಲ್ಲೇ ಇತ್ತು. ನಾನೂ ಅದರಲ್ಲೇ ಇದ್ದೆ.

ದೊಡ್ಡಿಯ ದಿನಗಳು ನನಗೆ ಅಲ್ಲಿ ಇಲ್ಲಿ ನೆನಪಿವೆ. ನಮಗೆ ಹೆಸರಿರಲಿಲ್ಲ, ಅವಳೇ ಕಪ್ಪೆ, ಜೀರುಂಡೆ, ಲಾವಕ್ಕಿ ಎಂದು ಕರೆಯುತ್ತಿದ್ದಳು. ನಾವೆಲ್ಲ ಅವಳನ್ನು ಅವ್ವ ಅನ್ನುತ್ತಿದ್ದೆವು. ಕಥೆ ಹೇಳುವುದಕ್ಕೂ ಕಾನೂನಿತ್ತು. ದೇವರುಗಳು ಜಗಳವಾಡುವ, ಅಳುವ, ಸುಳ್ಳು ಹೇಳುವ ಕಥೆ ಮಕ್ಕಳ ಕಿವಿಗೆ ಬೀಳಬಾರದು. ಅದನ್ನೆಲ್ಲ ತೆಗೆದರೆ ನಮ್ಮ ದೇವರುಗಳ ಕಥೆಯಲ್ಲಿ ಉಳಿಯುವುದಾದರೂ ಏನು? ಅವಳು ಪಾಪ, ಮೀನುಗಳ ಹೆಸರನ್ನು ಒಂದಾದ ಮೇಲೊಂದು ಹೇಳಿ ನಮ್ಮನ್ನು ಮಲಗಿಸುತ್ತಿದ್ದಳು.

ಮುದ್ದು ಮಾಡುತ್ತಿದ್ದಳೇ ಎಂದು ನನ್ನ ಗಂಡ ಕೇಳುತ್ತಾನೆ. ಇಲ್ಲ. ಹೊಡೆಯುತ್ತಲೂ ಇರಲಿಲ್ಲ. ಅತ್ತರೆ ಎತ್ತುತ್ತಿದ್ದಳು, ಅಳು ನಿಂತರೆ ಇಳಿಸುತ್ತಿದ್ದಳು. ಫೈನಿಪ್ಪಸ್ ಆಗಾಗ ಬಂದು ಬಾಗಿಲಲ್ಲಿ ನಿಂತು ನೋಡಿ, "ನನ್ನ ಮಾತು ಅರ್ಥವಾಗಿರೋದು ಊರಿಗೆಲ್ಲ ಇವಳೊಬ್ಬಳಿಗೇ" ಎಂದು ಜೊತೆಯವರಿಗೆ ತೋರಿಸುತ್ತಿದ್ದನಂತೆ.

ಎರಡನೆಯ ಚಳಿಗಾಲ ನಮ್ಮ ಹಿಂಡಿನ ಒಂದು ಕೂಸು ಕೆಮ್ಮಿ ಕೆಮ್ಮಿ ಸತ್ತಿತು. ತಾಯಂದಿರಿಗೆ ತಿಳಿಸುವುದು ಬೇಡ, ತಿಳಿಸಿದರೆ ಎಲ್ಲರೂ ಅಳುತ್ತಾರೆ ಎಂದರು ಹಿರಿಯರು. ಕೂಸುಗಳನ್ನು ಹೂಳುವ ಹಾಗೆ ಅದನ್ನೂ ಮಣ್ಣಿನ ಗಡಿಗೆಯಲ್ಲಿಟ್ಟು ದಿಬ್ಬದ ಹಿಂದೆ ಫಿಲಿನ್ನ ಹೂತು ಬಂದಳು. ಬಂದವಳು ಸೊಂಟ ಬಿಗಿದುಕೊಂಡು ನಮಗೆ ಗಂಜಿ ಬಡಿಸಿದಳು.

ಕಾನೂನು ಮುರಿದು ಬಿದ್ದದ್ದು ಜೀವ ಇರುವವರಿಂದಲ್ಲ, ಸತ್ತವರಿಂದ. ನಮಗೆ ಐದು ತುಂಬುವ ಹೊತ್ತಿಗೆ ಊರು ಕಟ್ಟಿದವರಲ್ಲಿ ಮೂರ್ನಾಲ್ಕು ಮಂದಿ ಜ್ವರ ಬಂದು ಹೋದರು. ಚಟ್ಟದ ಮುಂದೆ ಮಗ ಅನ್ನುವವನಿಲ್ಲ. ಗೋರಿಗೆ ಎಣ್ಣೆ ಜೇನು ಎರೆಯುವವರು ಯಾರು? ಹೊಲ ಯಾರಿಗೆ? "ಎಲ್ಲ ಮಕ್ಕಳೂ ಎರೆಯಲಿ" ಎಂದ ಫೈನಿಪ್ಪಸ್. ಬದುಕಿದ್ದಾಗ ಎಲ್ಲರ ಅಪ್ಪನಾಗಲು ಒಪ್ಪಿದ್ದ ಗಂಡಸರಿಗೆ ಸತ್ತ ಮೇಲೆ ಯಾರ ಅಪ್ಪನೂ ಅಲ್ಲ ಎಂಬುದನ್ನು ಸಹಿಸಲಾಗಲಿಲ್ಲ. ಮತ್ತೆ ಸಭೆ ಸೇರಿತು, ಮತ್ತೆ ಕೈ ಎತ್ತಿದರು. ಮಕ್ಕಳು ಅವರವರ ಮನೆಗೆ ಹೋಗತಕ್ಕದ್ದು. ಫೈನಿಪ್ಪಸ್ ಮಾರನೆಯ ದಿನವೇ ಹಡಗು ಹತ್ತಿದ. ಹತ್ತುವ ಮೊದಲು ದಡದಲ್ಲಿ ನಿಂತು ಅಳುತ್ತಿದ್ದನಂತೆ.

ಯಾವ ಮಗು ಯಾವ ಮನೆಯದು ಎಂದು ಯಾರೂ ಯೋಚಿಸಿರಲಿಲ್ಲ. ಫಿಲಿನ್ನಳಿಗೆ ಗೊತ್ತಿರುತ್ತದೆ ಎಂದುಕೊಂಡಿದ್ದರು.

ದೊಡ್ಡಿಯ ಅಂಗಳದಲ್ಲಿ ತಾಯಂದಿರು ಸೇರಿದರು. ಗಂಡಸರು ಬೇಲಿಯಾಚೆ ನಿಂತರು. ಹೊಸ ಜನರನ್ನು ಕಂಡು ಹೆದರಿದ ನಾನು ಫಿಲಿನ್ನಳ ಸೆರಗು ಹಿಡಿದುಕೊಂಡಿದ್ದೆ.

"ನಂಗೆ ಗೊತ್ತಿಲ್ಲ" ಎಂದಳು ಫಿಲಿನ್ನ.

"ಐದು ವರ್ಷ ಇಲ್ಲೇ ಬಿದ್ಕೊಂಡಿದ್ದು ಗೊತ್ತಿಲ್ಲ ಅಂದ್ರೆ ಯಾರೇ ನಂಬ್ತಾರೆ?" ಎಂದಳು ಉಪ್ಪುಮೀನು ಮಾರುವ ಲೈಸಿಲ್ಲ. "ನಿಂದನ್ನ ಮೊದಲೇ ಆರಿಸಿ ಇಟ್ಕೊಂಡಿರ್ತೀಯ. ನಮ್ಮ ಹತ್ರ ಮಾತ್ರ ಗೊತ್ತಿಲ್ಲ ಅಂತೀಯ."

"ಇಲ್ಲ ಕಣಕ್ಕ. ಮೊದಮೊದಲು ಹುಡುಕ್ದೆ. ನನ್ನ ಗಂಡನ ಕಿವಿ ಒಂಥರಾ ಮಡಚಿಕೊಂಡಿತ್ತು. ಎಲ್ಲರ ಕಿವೀನೂ ನೋಡ್ದೆ. ಆಮೇಲೆ ಸಾಕಾಯ್ತು, ಬಿಟ್ಟೆ."

ಆಗ ನನ್ನ ಅಮ್ಮ ನಿಕರೆಟೆ ಮುಂದೆ ಬಂದಳು. ಆಗ ಅವಳು ನನಗೆ ಯಾರೋ ಹೆಂಗಸು. ಅಂಗಲಾಚುವವರು ಮಾಡುವ ಹಾಗೆ ಮಣ್ಣಿನಲ್ಲಿ ಕೂತು ಒಂದು ಕೈಯಲ್ಲಿ ಫಿಲಿನ್ನಳ ಮೊಣಕಾಲು ತಬ್ಬಿ, ಇನ್ನೊಂದು ಕೈಯಿಂದ ಗದ್ದ ಹಿಡಿದಳು. ಮೆಲ್ಲಗೆ ಅಂದಳು, ಪಕ್ಕದಲ್ಲಿದ್ದ ನನಗಷ್ಟೇ ಕೇಳಿಸಿತು.

"ನಿಜ ಬೇಡ ಕಣೆ ನಂಗೆ. ಇದು ನಿಂದು ಅಂತ ಒಂದ್ಸಲ ಅಂದುಬಿಡು. ಸಾಯೋಗಂಟ ನಂಬ್ತೀನಿ."

ಫಿಲಿನ್ನ ಸೆರಗಿನಿಂದ ನನ್ನ ಬೆರಳು ಬಿಡಿಸಿ ಅವಳ ಕೈಯಲ್ಲಿಟ್ಟು, ಎಲ್ಲರಿಗೂ ಕೇಳುವ ಹಾಗೆ, "ಇದು ನಿಂದು" ಎಂದಳು.

ಅಲ್ಲಿಂದ ಮುಂದೆ ತಡವಾಗಲಿಲ್ಲ. ಕೆಂಚುಗೂದಲಿನವನು ಕೆಂಚುಗೂದಲಿನವಳಿಗೆ. ದಪ್ಪ ತುಟಿಯವಳು ಲೈಸಿಲ್ಲಳಿಗೆ. "ನಾನು ಹೇಳ್ಲಿಲ್ವಾ ಇವಳಿಗೆ ಗೊತ್ತು ಅಂತ" ಎಂದು ಲೈಸಿಲ್ಲ ಬೇಲಿಯಾಚೆಯವರಿಗೆ ಕೂಗಿ ಹೇಳಿದಳು. ಯಾರಿಗೂ ಹೋಲದ ಜೀರುಂಡೆಯನ್ನು ಎಲ್ಲರಿಗಿಂತ ಹೆಚ್ಚು ಅಳುತ್ತಿದ್ದವಳಿಗೆ ಕೊಟ್ಟಳು. ಕೊಡುತ್ತ ಕೊಡುತ್ತ ಮಕ್ಕಳು ಮುಗಿದರು. ಅಂಗಳದಲ್ಲಿ ಬರಿಗೈಯಲ್ಲಿ ಉಳಿದವಳು ಅವಳೊಬ್ಬಳೇ.

"ಮತ್ತೆ ನಿಂದು?" ಎಂದಳು ನನ್ನ ಅಮ್ಮ.

"ಸತ್ತೋಯ್ತು. ಎರಡನೇ ಚಳಿಗಾಲ."

ಹೆಂಗಸರು ಅವಳ ಸುತ್ತ ಸೇರಿ ಲೊಚಗುಟ್ಟಿದರು. ಲೈಸಿಲ್ಲ ಕ್ಷಮೆ ಕೇಳಿದಳು. ಅಷ್ಟರಲ್ಲಿ ಮಕ್ಕಳು ರಚ್ಚೆ ಹಿಡಿದವು, ಎಲ್ಲರೂ ಎತ್ತಿಕೊಂಡು ದಿಬ್ಬ ಇಳಿದರು.

ಆ ದಿನ ಊರಿನಲ್ಲಿ ಮನೆಮನೆಯಲ್ಲೂ ಒಲೆ ಸುತ್ತುವ ಶಾಸ್ತ್ರ. ಹುಟ್ಟಿದ ಐದನೇ ದಿನ ಅಪ್ಪ ಕೂಸನ್ನೆತ್ತಿಕೊಂಡು ಒಲೆಯ ಸುತ್ತ ಓಡಿ ಇದು ನನ್ನದು ಎನ್ನಬೇಕು, ಹೆಸರಿಡಬೇಕು. ನಮಗೆ ಐದು ವರ್ಷ. ಅಪ್ಪ ಏದುಸಿರು ಬಿಡುತ್ತ ಓಡಿದ, ನನ್ನ ಕಾಲು ಬಡಿದು ಗಂಜಿಯ ಮಡಕೆ ಉರುಳಿತು. "ಕತ್ತೆಮರಿ ಹೊತ್ತಂಗಾಯ್ತಲ್ಲೇ" ಎಂದು ನಕ್ಕು ತಿಮೋ ಎಂದು ಹೆಸರಿಟ್ಟ. ಆ ಹೆಸರಿಗೆ ನಾನು ಎಷ್ಟೋ ದಿನ ಓಗೊಡಲಿಲ್ಲ. ಬುಗ್ಗೆಯ ಹತ್ತಿರ ಫಿಲಿನ್ನಳನ್ನು ಕಂಡು ಅವ್ವಾ ಎಂದು ಓಡಿದರೆ ಅಮ್ಮ ಬೆನ್ನಿಗೆ ಗುದ್ದುತ್ತಿದ್ದಳು. "ಅಕ್ಕ ಅನ್ನು, ಫಿಲಿನ್ನಕ್ಕ ಅನ್ನು." ಫಿಲಿನ್ನ ತಿರುಗಿ ನೋಡದೆ ಕೊಡ ತುಂಬಿಸಿಕೊಂಡು ಹೋಗುತ್ತಿದ್ದಳು.

ಆಮೇಲೆ ಅವಳು ಬಟ್ಟೆ ಒಗೆದಳು, ಉಣ್ಣೆ ಹಿಂಜಿದಳು, ಮುಪ್ಪು ಹತ್ತಿರ ಬಂದಾಗ ಬಾಣಂತಿಯರಿಗೆ ಎಣ್ಣೆ ಹಚ್ಚುವ ಕೆಲಸ ಹಿಡಿದಳು. ಮತ್ತೆ ಮದುವೆಯಾಗು ಎಂದವರಿಗೆ ಬೇಡ ಎಂದಳು. ಯಾಕೆ ಎಂದರೆ, "ಸುಮ್ನೆ" ಎಂದಳು. ದುಃಖದಲ್ಲಿದ್ದಾಳೆ ಎಂದು ಅಮ್ಮ ಹಬ್ಬಕ್ಕೆ ಜೇನಿನ ರೊಟ್ಟಿ ಕಳಿಸುತ್ತಿದ್ದಳು. ಫಿಲಿನ್ನ ಪಾತ್ರೆ ತೊಳೆದು ಹಿಂದಕ್ಕೆ ಕಳಿಸುತ್ತಿದ್ದಳು, ಚೆನ್ನಾಗಿತ್ತು ಎಂದು ಹೇಳಿ ಕಳಿಸಿದವಳಲ್ಲ.

ನನ್ನ ಹೆರಿಗೆಗೂ ಅವಳೇ ಬಂದಳು. ನನ್ನ ಗಂಡ ಕೂಸನ್ನೆತ್ತಿ ಒಲೆ ಸುತ್ತಿದ ಮಾರನೆಯ ದಿನ, ಅಮ್ಮ ಆಚೆ ಬಾಣಂತಿ ಬಟ್ಟೆ ಒಗೆಯುತ್ತಿದ್ದಳು. ಫಿಲಿನ್ನ ಕಾಲು ಚಾಚಿ ಕೂತು ಕೂಸನ್ನು ಕಾಲ ಮೇಲೆ ಹಾಕಿಕೊಂಡು ಎಣ್ಣೆ ತಿಕ್ಕುತ್ತಿದ್ದಳು. ಹೆತ್ತ ಮೇಲೆ ನನಗೆ ಈ ಪ್ರಶ್ನೆ ಬಿಟ್ಟು ಬೇರೇನೂ ತಲೆಯಲ್ಲಿರಲಿಲ್ಲ.

"ಫಿಲಿನ್ನಕ್ಕ, ಸತ್ತಿದ್ದು ನಿನ್ನ ಕೂಸೇ ಅಂತ ಹೆಂಗೆ ಗೊತ್ತಾಯ್ತು?"

"ಗೊತ್ತಾಗ್ಲಿಲ್ಲ. ಹಂಚಿದ ಮೇಲೆ ಉಳಿದಿದ್ದು ಅದೊಂದೇ."

"ಒಂದನ್ನ ನೀನೇ ಇಟ್ಕೋಬಹುದಿತ್ತಲ್ಲ."

"ಇಟ್ಕೊಂಡಿದ್ರೆ ಆ ಸತ್ತಿದ್ದನ್ನ ಇನ್ಯಾರಿಗಾದ್ರೂ ಕೊಡಬೇಕಿತ್ತು."

ಕೂಸಿನ ಬೆನ್ನು ತಿಕ್ಕಿ, ಮಗುಚಿ, ಹೊಟ್ಟೆ ತಿಕ್ಕತೊಡಗಿದಳು.

"ಹಂಗಾದ್ರೆ ನಾನು ನಿನ್ನ ಮಗಳೇ ಇರಬಹುದು."

"ಇರಬಹುದು. ಲೈಸಿಲ್ಲನ ಮಗಳೂ ಇರಬಹುದು. ಆ ಜೀರುಂಡೇನೂ ಇರಬಹುದು."

"ನನ್ನನ್ನೇ ಮೊದಲು ಕೊಟ್ಟೆಯಲ್ಲ, ಯಾಕೆ?"

"ನೀನೇ ಹತ್ರ ಇದ್ದೆ."

"ಒಂದ್ಸಲಾನೂ ಏನೂ ಅನ್ನಿಸ್ಲಿಲ್ವಾ ನಿಂಗೆ? ನಮ್ಮಲ್ಲಿ ಒಬ್ಬರ ಮೇಲಾದ್ರೂ?"

ಅವಳು ನಿಜವಾಗಿಯೂ ಯೋಚಿಸಿದಳು. ನೆನಪಿಗೆ ಬಾರದ ಹೆಸರನ್ನು ಹುಡುಕುವವಳ ಹಾಗೆ ಹಣೆ ಗಂಟಿಕ್ಕಿ, ಕೈ ನಿಲ್ಲಿಸದೆ ಯೋಚಿಸಿದಳು.

"ಇಲ್ಲ ಮಗಾ. ಎಲ್ಲರ ಮೇಲೂ ಒಂದೇ ಸಮ ಇತ್ತು. ಆಮೇಲೆ ಅದೂ ಇರಲಿಲ್ಲ. ಮರಗಟ್ಟಿದ ಕಾಲು ಇರುತ್ತಲ್ಲ, ಚುಚ್ಚಿದ್ರೂ ಗೊತ್ತಾಗಲ್ಲ, ಆದ್ರೆ ನಡೆಯೋಕಾಗುತ್ತೆ. ಹಂಗೆ."

ನಾನು ಅಳುತ್ತೇನೆ ಎಂದುಕೊಂಡೆ, ಅಳು ಬರಲಿಲ್ಲ. ಹೊರಗೆ ಅಮ್ಮ ಬಟ್ಟೆ ಕುಕ್ಕುವ ಸದ್ದು ಕೇಳುತ್ತಿತ್ತು. ಇವಳ ಮುಖದಲ್ಲಿ ನನ್ನ ಮುಖ ಇದೆಯೇ ಎಂದು ಹುಡುಕಿದೆ. ದುಡಿದು ಬೇಗ ಸುಕ್ಕುಗಟ್ಟಿದ ಮುಖ, ಯಾರದ್ದು ಬೇಕಾದರೂ ಆಗಬಹುದು.

ಫಿಲಿನ್ನ ಕೂಸಿಗೆ ಬಿಸಿನೀರು ಹುಯ್ದು, ಒರೆಸಿ, ಬಟ್ಟೆಯಲ್ಲಿ ಬಿಗಿಯಾಗಿ ಸುತ್ತಿದಳು. ನನ್ನ ಮಡಿಲಲ್ಲಿಟ್ಟಳು.

"ಹಿಡ್ಕೊ. ಇದು ನಿಂದೇ. ಹುಟ್ಟಿದ್ದು ನಾನು ಕಣ್ಣಾರೆ ನೋಡಿದೀನಿ."