ಚೆಂದವಾಗಬಾರದ ನೆಲಹಾಸು

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಅಡುಗೆಮನೆಯ ಪಕ್ಕದ ಕೋಣೆಯಲ್ಲಿ ಒಂದು ಸ್ಟೂಲು ತಲೆಕೆಳಗಾಗಿ ಕೂತಿದೆ. ಅದರ ಎರಡು ಕಾಲುಗಳಿಗೆ ಉಲ್ಲನ್ ದಾರ ಸುತ್ತುತ್ತಿರುವ ಹೆಂಗಸು ಕಣ್ಣು ಮುಚ್ಚಿಕೊಂಡು ಚೀಲಕ್ಕೆ ಕೈ ಹಾಕುತ್ತಾರೆ, ಸಿಕ್ಕಿದ ಎಳೆಯನ್ನು ಹೊರಗೆಳೆಯುತ್ತಾರೆ, ನೋಡಿ ಮುಖ ಹುಳ್ಳಗೆ ಮಾಡುತ್ತಾರೆ. ಪಾಚಿ ಹಸಿರಿನ ಪಕ್ಕಕ್ಕೆ ಕಡು ಗುಲಾಬಿ. "ಥೂ, ಎಂಥ ಜೋಡಿ. ಇರ್ಲಿ, ಇದೇ ಬೇಕು."

ಬೀದಿಗೆಲ್ಲ ಇವರು ಉಲ್ಲನ್ ಆಂಟಿ. ಸ್ವೆಟರ್ ಕಾರ್ಖಾನೆಯಲ್ಲಿ ಇವರ ಕೆಲಸವೇ ಬಣ್ಣ ಹೊಂದಿಸುವುದಾಗಿತ್ತು. ನಾವು ನೀವು ಒಂದೇ ನೀಲಿ ಕಾಣುವ ಕಡೆ ಇವರಿಗೆ ನಾಲ್ಕೈದು ಕಾಣುತ್ತವೆ. ಕಾರ್ಖಾನೆ ಮುಚ್ಚಿದಾಗ ಮಿಕ್ಕ ದಾರವನ್ನೆಲ್ಲ ಗೋಣಿಚೀಲಗಳಲ್ಲಿ ತುಂಬಿಸಿ ಮನೆಗೆ ತಂದರು. "ಕಾಲಿಡೋಕೆ ಜಾಗ ಇರ್ಲಿಲ್ಲ. ನಮ್ಮನೆಯವರು, ಇದನ್ನೇ ಬೇಯಿಸಿ ಹಾಕ್ತೀಯಾ ಅಂತ ಕೇಳಿದ್ರು."

ಬೇಯಿಸಲಿಲ್ಲ, ಚೆಂಡು ಕಟ್ಟಿ ನೆಲಹಾಸು ಮಾಡತೊಡಗಿದರು. ಸ್ಟೂಲಿಗೆ ದಪ್ಪಗೆ ಸುತ್ತಿದ ದಾರವನ್ನು ನಾಲ್ಕು ಬೆರಳಿಗೊಂದು ಕಡೆ ಬಿಗಿದು, ಎರಡು ಗಂಟುಗಳ ನಡುವೆ ಕತ್ತರಿ ಆಡಿಸಿದರೆ ಸಾಕು, ಪಾಂಪಾಂ ಎನ್ನುವ ಮೆತ್ತನೆಯ ಉಲ್ಲನ್ ಚೆಂಡುಗಳು ಒಂದೊಂದಾಗಿ ಉಬ್ಬಿ ಮಡಿಲಿಗೆ ಬೀಳುತ್ತವೆ. ಗಂಟಿಗೆ ಮಾತ್ರ ಹತ್ತಿಯ ದಾರವೇ ಆಗಬೇಕು. "ಉಲ್ಲನ್ ಜಗ್ಗುತ್ತೆ. ಮೊದಲನೇ ಮ್ಯಾಟು ಉಲ್ಲನ್ನಲ್ಲೇ ಬಿಗಿದಿದ್ದೆ. ವಾರದೊಳಗೆ ಚೆಂಡೆಲ್ಲ ಉದುರಿ, ನೀರಿನ ಲೋಟದಲ್ಲೂ ಉಲ್ಲನ್ನು." ಗಂಟಿನ ಬಾಲಗಳನ್ನು ಜಾಲರಿ ಬಟ್ಟೆಯ ತೂತುಗಳಲ್ಲಿ ತೂರಿಸಿ ಹಿಂಬದಿಗೆ ಕಟ್ಟುತ್ತಾರೆ. ಒಂದು ನೆಲಹಾಸಿಗೆ ಇನ್ನೂರು ಚೆಂಡಾದರೂ ಬೇಕು.

ಇಂಥ ಕಣ್ಣಿರುವವರು ಬೇಕೆಂದೇ ಬಣ್ಣ ಕೆಡಿಸುವುದೇಕೆ? ಇವರ ಕೈಕೆಲಸದ ಬಗ್ಗೆ ಬರೆಯಲು ಬಂದಿರುವ ನನಗೆ ಕೇಳದೆ ಇರಲಾಗುವುದಿಲ್ಲ.

"ನಮ್ಮಕ್ಕನಿಗೆ ಸಾರ್," ಎನ್ನುತ್ತಾರೆ. ಹಿಂದಿನ ಬೀದಿಯಲ್ಲಿ ಅಕ್ಕನ ಇಸ್ತ್ರಿ ಅಂಗಡಿ. ದಿನವಿಡೀ ಬರಿ ಸಿಮೆಂಟಿನ ಮೇಲೆ ನಿಂತು ನಿಂತು ಹಿಮ್ಮಡಿ ಕೈಕೊಟ್ಟಿದೆ. ಬೆಳಿಗ್ಗೆ ಎದ್ದರೆ ಗೋಡೆ ಹಿಡಿಯದೆ ಹೆಜ್ಜೆ ಇಡಲಾಗದು. ಕಾಲಡಿಗೆ ಮೆತ್ತಗಿನದ್ದೇನಾದರೂ ಹಾಕಿಕೊಳ್ಳಿ, ಇಲ್ಲವೇ ಅಂಗಡಿ ಬಿಡಿ ಎಂದಿದ್ದಾರೆ ಡಾಕ್ಟರು. ತಂಗಿ ತನ್ನ ಕೈಯ ಅತ್ಯುತ್ತಮ ನೆಲಹಾಸನ್ನು ಮಾಡಿಕೊಟ್ಟರು. ಅಕ್ಕ ಅದನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ಬೀರುವಿನ ಮೇಲಿಟ್ಟರು.

"ಇಷ್ಟು ಚೆಂದದ್ದನ್ನ ಯಾರಾದ್ರೂ ತುಳೀತಾರೇನೇ ಅಂದ್ಳು. ಬಂದವರಿಗೆಲ್ಲ ಇಳಿಸಿ ತೋರಿಸ್ತಾಳೆ, ಮತ್ತೆ ಮೇಲಿಡ್ತಾಳೆ. ಕಾಲು ಮಾತ್ರ ಸಿಮೆಂಟಿನ ಮೇಲೇ. ನನಗೆ ಮೊದ್ಲು ಸಿಟ್ಟು ಬರುತ್ತೆ, ಆಮೇಲೆ ಅಳು. ತುಳಿಯೋಕೆ ಮಾಡಿದ್ದು ಸಾರ್, ಕೈ ಮುಗಿಯೋಕಲ್ಲ."

ಹಾಗಾಗಿ ಈ ಸಲ ತುಳಿಯಲು ಮನಸ್ಸು ನೋಯದಂಥ, ಕುರೂಪದ ನೆಲಹಾಸು. ಆದರೆ ಅದು ಹೇಳಿದಷ್ಟು ಸುಲಭವಲ್ಲ. ಹಿಂದೆ ಒಮ್ಮೆ ಪ್ರಯತ್ನಿಸಿ ಸೋತಿದ್ದಾರೆ. "ಮೂರನೇ ಸಾಲಿಗೆ ಬರೋ ಹೊತ್ತಿಗೆ ಕೈ ತಾನಾಗೇ ಹೊಂದಿಸಿಬಿಟ್ಟಿತ್ತು. ಪಕ್ಕದ ಮನೆಯವಳು ನೋಡಿ, ನನಗೇ ಬೇಕು ಅಂತ ಎತ್ಕೊಂಡು ಹೋದ್ಲು. ಹುಟ್ಟುಗುಣ ಸುಟ್ರೂ ಹೋಗಲ್ಲ ಅಂತಾರಲ್ಲ." ಅದಕ್ಕೇ ಈಗ ಕಣ್ಣು ಮುಚ್ಚಿಕೊಳ್ಳುವ ಉಪಾಯ. ಅಷ್ಟಾದರೂ ಒಂದೊಂದು ಚೆಂಡನ್ನೂ ಎಳೆದು ನೋಡದೆ ಕಟ್ಟುವುದಿಲ್ಲ. "ಬಣ್ಣ ಕೆಟ್ರೆ ಕೆಡ್ಲಿ. ಗಂಟು ಕೆಡಬಾರ್ದು."

ಇವತ್ತಿಗೆ ಉಳಿದಿದ್ದ ಕೊನೆಯ ಸಾಲು ಮುಗಿಯುತ್ತಲೇ ನೆಲಹಾಸನ್ನು ಸುರುಳಿ ಸುತ್ತಿ ಕಂಕುಳಲ್ಲಿಟ್ಟುಕೊಂಡು ಹೊರಡುತ್ತಾರೆ. ನಾನೂ ಹಿಂದೆಯೇ. ಅಂಗಡಿಯಲ್ಲಿ ಅಕ್ಕ ಒಂದು ಕಾಲಿಂದ ಇನ್ನೊಂದು ಕಾಲಿಗೆ ಭಾರ ಬದಲಿಸುತ್ತ ಅಂಗಿಗೆ ಇಸ್ತ್ರಿ ಹಾಕುತ್ತಿದ್ದಾರೆ. ಬಿಚ್ಚಿದ ನೆಲಹಾಸು ನೋಡಿ ಅವರ ಕೈ ನಿಲ್ಲುತ್ತದೆ.

"ಏನೇ ಇದು? ಕಣ್ಣಿಗೆ ಪೊರೆ ಬಂತಾ ನಿಂಗೆ? ಇದನ್ನ ಯಾರು ತಗೋತಾರೆ?"

"ಯಾರೂ ತಗೊಳಲ್ಲ ಅಕ್ಕ. ಬಿಸಾಕೋ ಬದಲು ನಿನ್ನ ಕಾಲಡಿ ಬಿದ್ದಿರ್ಲಿ."

ಅಕ್ಕ ಮೂಗು ಮುರಿಯುತ್ತಾರೆ. ನೆಲಹಾಸನ್ನು ಕಾಲಿನಿಂದಲೇ ಮೇಜಿನ ಬಳಿಗೆ ತಳ್ಳಿ, ಮೇಲೆ ನಿಂತು ಇಸ್ತ್ರಿಪೆಟ್ಟಿಗೆ ಎತ್ತುತ್ತಾರೆ. ಒಂದು ಅಂಗಿ ಮುಗಿಯುತ್ತದೆ, ಇನ್ನೊಂದು ಬರುತ್ತದೆ. ಬಲಗಾಲು ಚಪ್ಪಲಿ ಬಿಟ್ಟು ಚೆಂಡುಗಳ ನಡುವೆ ಇಳಿಯುತ್ತದೆ, ಸ್ವಲ್ಪ ಹೊತ್ತಿಗೆ ಎಡಗಾಲೂ. ಭಾರ ಬದಲಿಸುವುದು ನಿಂತಿದೆ. ಬೈಗುಳ ಮಾತ್ರ ನಿಂತಿಲ್ಲ.

ಉಲ್ಲನ್ ಆಂಟಿ ನನ್ನನ್ನು ಬಾಗಿಲಾಚೆಗೆ ಕರೆದು ಮೆಲ್ಲಗೆ ಹೇಳುತ್ತಾರೆ: "ಎಷ್ಟೋ ಜನ ಹೊಗಳಿದ್ದಾರೆ ಸಾರ್. ಬೈಸ್ಕೊಂಡು ಇಷ್ಟು ಖುಷಿಯಾಗಿದ್ದು ಇವತ್ತೇ."