ಹೆಸರು ಕೂಗಿದಾಗ

ಹೋದ ವಾರ ಡೊಂಬಿವಿಲಿ ಸ್ಟೇಷನ್ನಿನ ಹೊರಗೆ ಯಾರೋ ಚಾಕ್ಕೆ ಹಸಿಶುಂಠಿ ಜಜ್ಜುತ್ತಿದ್ದರು. ಆ ವಾಸನೆಗೆ ನನ್ನ ಕಾಲು ಅಲ್ಲೇ ನಿಂತಿತು. ಪಕ್ಕದ ಮನೆಯಲ್ಲಿದ್ದ ಮಾವ ನೆನಪಾದರು…

ನಮಗೆ ರಕ್ತಸಂಬಂಧವೇನಿರಲಿಲ್ಲ. ಇಬ್ಬರೂ ಉಡುಪಿ ಕಡೆಯವರು ಎಂಬುದೊಂದೇ ನೆಂಟಸ್ತಿಕೆ. ಮೂವತ್ತು ವರ್ಷ ಹೋಟೆಲಿನಲ್ಲಿ ಸಪ್ಲೈಯರ್ ಆಗಿದ್ದವರು ಅವರು. ಎದುರಿಗೆ ಯಾರಾದರೂ ಬರಿದೇ ಕೂತಿದ್ದರೆ ಅವರಿಗೆ ಸಮಾಧಾನವಿಲ್ಲ, ನೀರಾದರೂ ತಂದಿಡಬೇಕು. ಹುಟ್ಟುಗುಣ ಸುಟ್ಟರೂ ಹೋಗದು ಎಂದು ನಾನು ತಮಾಷೆ ಮಾಡುತ್ತಿದ್ದೆ.

ಮಾವನಿಗೆ ಇದ್ದೊಬ್ಬ ಮಗಳು ತೀರಿಕೊಂಡಳು. ಅಳಿಯ ಮರುಮದುವೆಯಾಗಿ, ಐದು ವರ್ಷದ ಮೊಮ್ಮಗಳನ್ನು ಕರೆದುಕೊಂಡು ನವಿ ಮುಂಬಯಿ ಸೇರಿದ. ಅಜ್ಜ ಹೋದರೆ ಬಾಗಿಲು ತೆರೆಯಲಿಲ್ಲ. ತಿಂಗಳಿಗೊಮ್ಮೆ ಮಗುವನ್ನು ನೋಡಲು ಬಿಡಿ ಎಂದು ಮಾವ ಠಾಣೆ ಜಿಲ್ಲೆಯ ಕೋರ್ಟಿಗೆ ಅರ್ಜಿ ಹಾಕಿದರು. ಎರಡು ವರ್ಷ ಒಂದು ತಾರೀಖೂ ತಪ್ಪಿಸಲಿಲ್ಲ. ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು, ಎಲ್ಲರಿಗಿಂತ ಮೊದಲು ಹೋಗಿ ಕೂರುತ್ತಿದ್ದರು.

ಒಮ್ಮೆ ಜೊತೆಗೆ ನಾನೂ ಹೋದೆ. ಆಫೀಸಿಗೆ ಜ್ವರವೆಂದು ಸುಳ್ಳು ಹೇಳಿದ್ದೆ. ವಕೀಲರು ಇನ್ನೂ ಬಂದಿರಲಿಲ್ಲ. ನಾನು ಬೆಳಗಿನಿಂದ ಏನೂ ಕುಡಿದಿಲ್ಲ ಎಂದು ತಿಳಿದ ಮೇಲೆ ಮಾವನಿಗೆ ಕೂರಲಾಗಲಿಲ್ಲ.

“ಒಂದು ಶುಂಠಿ ಚಾ ತರ್ತೇನೆ ಮಾರಾಯ. ನನ್ನ ಹೆಸರು ಕರೆದ್ರೆ ಎದ್ದು ಹೇಳು, ಈಗ ಬರ್ತಾರೆ ಅಂತ.”

ಅವರು ಮೆಟ್ಟಿಲಿಳಿದರು. ಅಷ್ಟರಲ್ಲಿ ನನ್ನ ಆಫೀಸಿನ ಸಾಹೇಬರ ಫೋನ್ ಬಂತು. ಕೋರ್ಟಿನ ಗದ್ದಲ ಕೇಳಿಸಬಾರದೆಂದು ವರಾಂಡದ ತುದಿಗೆ ಹೋಗಿ, ಕೆಮ್ಮುತ್ತ ಮಾತಾಡಿದೆ. ತಿರುಗಿ ಬರುವಷ್ಟರಲ್ಲಿ ಜವಾನ ಮೂರು ಸಲ ಹೆಸರು ಕೂಗಿ ಆಗಿತ್ತು. ಅರ್ಜಿದಾರರು ಗೈರುಹಾಜರು, ಅರ್ಜಿ ವಜಾ. ಮಾವ ಎರಡು ಗ್ಲಾಸನ್ನು ಒಂದೇ ಕೈಯಲ್ಲಿ ಹಿಡಿದು ಬಾಗಿಲಲ್ಲಿ ನಿಂತಿದ್ದರು…

ತಿಂಗಳೊಳಗೆ ಸರಿಯಾದ ಕಾರಣ ಕೊಟ್ಟರೆ ಅರ್ಜಿಯನ್ನು ಮತ್ತೆ ತೆರೆಸಬಹುದು ಎಂದರು ವಕೀಲರು. ಬರೀ ಚಾ ತರಲು ಹೋಗಿದ್ದೆ ಎಂದರೆ ಯಾರೂ ನಂಬುವುದಿಲ್ಲ, ಜೊತೆಗಿದ್ದವನು ಅಫಿಡವಿಟ್ ಕೊಡಬೇಕು ಎಂದರು.

“ಬೇಡ ಸಾರ್, ಇವನಿಗೆ ಆಫೀಸಿನಲ್ಲಿ ತೊಂದರೆ ಆಗ್ತದೆ” ಎಂದರು ಮಾವ. ನನ್ನ ಮುಖ ನೋಡಲಿಲ್ಲ.

ಇಲ್ಲ, ಕೊಡುತ್ತೇನೆ ಎನ್ನಬೇಕಿತ್ತು. ನಾನು ಬಾಯಿಗೆ ಬೀಗ ಹಾಕಿಕೊಂಡು ಕೂತೆ. ಅದಕ್ಕೆ ನನಗೆ ಇವತ್ತಿಗೂ ನಾಚಿಕೆಯಿದೆ. ತಿಂಗಳು ಕಳೆಯಿತು. ಮಾವ ಟಿಟ್ವಾಳಾದಲ್ಲೊಂದು ಚಿಕ್ಕ ಮನೆಗೆ ಹೋದರು, ಎರಡು ವರ್ಷದಲ್ಲಿ ಅಲ್ಲೇ ತೀರಿಕೊಂಡರು. ಅಷ್ಟರಲ್ಲಿ ನಾನು ಹೋಗಿ ನೋಡಿದ್ದು ಒಂದೇ ಸಲ. ಮುಖ ತೋರಿಸಲು ಧೈರ್ಯವಿರಲಿಲ್ಲ…

ನಿನ್ನೆ ಆ ಮೊಮ್ಮಗಳು ನಮ್ಮ ಮನೆ ಹುಡುಕಿಕೊಂಡು ಬಂದಳು. ಈಗ ಕಾಲೇಜು ಓದುತ್ತಿದ್ದಾಳೆ.

“ಅಜ್ಜ ಕೋರ್ಟಿಗೆ ಬರ್ಲೇ ಇಲ್ಲ ಅಂತ ಪಪ್ಪಾ ಹೇಳ್ತಾರೆ. ಸಚ್ ಹೈ ಕ್ಯಾ, ನಿಜವಾ ಅಂಕಲ್?”

ಬಂದಿದ್ದರು ಎಂದೆ. ಚಾದ ವಿಷಯ ಹೇಳಿದೆ. ಫೋನಿನ ವಿಷಯವನ್ನೂ, ಅಫಿಡವಿಟ್ಟಿನ ವಿಷಯವನ್ನೂ ಹೇಳಿದೆ. ಅವಳು ಬ್ಯಾಗು ಹೆಗಲಿಗೆ ಹಾಕಿಕೊಂಡು ಎದ್ದು ಹೋದಳು. ಮಾವ ಇದ್ದಿದ್ದರೆ ‘ಹೋಗಲಿ ಬಿಡು’ ಎನ್ನುತ್ತಿದ್ದರು. ಹಾಗೆನ್ನಲು ಈಗ ಅವರಿಲ್ಲ.