ಗಾಲಿಗುರುತು ಒರೆಸಿದವನು

ಉದ್ದ ಬ್ಲೇಡಿನ ಗ್ರೇಡರ್ ಯಂತ್ರ ಓಡಿಸಿ ಓಡಿಸಿ ಅವನಿಗೆ ಬ್ಲೇಡಣ್ಣ ಅಂತಲೇ ಹೆಸರು ಬಿದ್ದಿತ್ತು. ಮರಳುಗಾಡಿನಲ್ಲಿ ರಸ್ತೆ ಹಾಕುವ ಗ್ಯಾಂಗಿನಲ್ಲಿ ನೆಲ ಹೆರೆದು ಸಮ ಮಾಡುವುದು ಅವನ ಕೆಲಸ. ಆ ಕೆಲಸ ಕೊಡಿಸಿದವನು ಅಕ್ಕನ ಗಂಡ, ಭಾವ. ಭಾವ ಎಲ್ಲರಿಗಿಂತ ಮುಂಚೆ ಒಬ್ಬನೇ ಜೀಪಿನಲ್ಲಿ ಹೋಗಿ ರಸ್ತೆಗೆ ಜಾಡು ಹುಡುಕುತ್ತಿದ್ದ. ದಿಕ್ಕು ದೆಸೆ ತಿಳಿಯದ ಆ ಜಾಗದಲ್ಲಿ ಗ್ಯಾಂಗಿಗೆ ಇದ್ದದ್ದು ಒಂದೇ ಕಟ್ಟಳೆ: ಹೋದವನು ತನ್ನ ಗಾಲಿಗುರುತು ಹಿಡಿದೇ ವಾಪಸ್ ಬರಬೇಕು, ಅವನು ಬರುವ ತನಕ ಯಾರೂ ಅದನ್ನು ತುಳಿಯಬಾರದು.

ಅಂಥ ಭಾವ ಒಂದು ದಿನ ಬರಲಿಲ್ಲ. ನಾಲ್ಕನೇ ದಿನ ಹೆಣ ಸಿಕ್ಕಿತು. ಪಾಪ, ದಾರಿ ತಪ್ಪಿ, ಜೀಪಿನ ಪೆಟ್ರೋಲ್ ಮುಗಿದು, ಕ್ಯಾಂಪಿಗೆ ಬೆನ್ನು ಹಾಕಿ ನಡೆದಿದ್ದ. ಗಾಳಿ ಗುರುತು ಅಳಿಸಿಬಿಟ್ಟಿತು ಅಂದರು ಮೇಲಿನವರು. ಬ್ಲೇಡಣ್ಣನೂ ಅಕ್ಕನಿಗೆ ಅದನ್ನೇ ಹೇಳಿದ. ಮೂವತ್ತು ವರ್ಷ ಅವಳ ಕೈಯಡುಗೆ ತಿಂದುಕೊಂಡೇ ಇದ್ದ, ಬಾಯಿ ಮಾತ್ರ ಬಿಡಲಿಲ್ಲ. ಥೂ, ಅನ್ನ ಗಂಟಲಲ್ಲಿ ಹೇಗಿಳಿಯಿತೋ!

ನಡೆದದ್ದೇ ಬೇರೆ. ಭಾವ ಹೊರಟ ಆ ಬೆಳಿಗ್ಗೆ ಸಾಕ್ಷ್ಯಚಿತ್ರ ತೆಗೆಯುವವರು ಬಂದಿದ್ದರು. ಯಾರೂ ಕಾಲಿಡದ ನೆಲದಲ್ಲಿ ದೊಡ್ಡ ಸಾಹೇಬರು ಮೊದಲ ಹೆಜ್ಜೆ ಇಡುವುದನ್ನು ತೋರಿಸಬೇಕಂತೆ. ಭಾವನ ಜೀಪಿನ ಗುರುತು ಅಡ್ಡ ಬಂತು. "ಸ್ವಲ್ಪ ಒರೆಸಿಬಿಡಪ್ಪ," ಅಂದ ಡೈರೆಕ್ಟರು. ತಾನೂ ಸಿನಿಮಾದಲ್ಲಿ ಬಂದೇನು ಅನ್ನುವ ಚಪಲ ಇವನಿಗೆ. ಸ್ವಲ್ಪ ಅಂದರೆ ಎರಡು ಮೈಲಿ ಹೆರೆದ. ಆಮೇಲೆ ಗುರುತಿಗೆ ಕೋಲು ನೆಟ್ಟು ಬರೋಣ ಅಂದುಕೊಂಡವನು ಸಿನಿಮಾದವರ ಜೊತೆ ಹರಟುತ್ತಾ ಮರೆತೇಬಿಟ್ಟ.

ಈಗ ಯಾರೋ ಪುಣ್ಯಾತ್ಮರು ಆ ಫಿಲ್ಮಿಗೆ ಹಿಂದೆ ಕತ್ತರಿಸಿ ಬಿಸಾಕಿದ್ದ ತುಂಡುಗಳನ್ನೂ ಸೇರಿಸಿ ಸಭಾಂಗಣದಲ್ಲಿ ತೋರಿಸುತ್ತಾರೆ ಅಂತ ಕಾಗದ ಬಂತು. ಬ್ಲೇಡಣ್ಣ ಅಕ್ಕನನ್ನು ತಡೆಯಲು ನೋಡಿದ.

"ಅದರಲ್ಲಿ ಏನಿದೆ ಅಕ್ಕ, ಬರೀ ಮರಳು."

"ಅವರ ಮುಖ ಒಂದ್ಸಲ ಕಂಡ್ರೆ ಸಾಕು ಕಣೋ. ನೀನು ಬರದಿದ್ರೆ ಬಿಡು, ನಾನೊಬ್ಳೇ ಹೋಗ್ತೀನಿ."

ಬೇರೆ ದಾರಿ ಇಲ್ಲದೆ ಇವನೂ ಹೋಗಿ ಪಕ್ಕದಲ್ಲಿ ಕೂತ.

ಭಾವ ಕಂಡೇ ಕಂಡ. ಡೀಸೆಲ್ ಡ್ರಮ್ಮಿನ ಪಕ್ಕ ನಿಂತಿದ್ದ ಜೀಪು ಹತ್ತಿ, ಇತ್ತ ಕೈಬೀಸಿ ನಕ್ಕು ಹೊರಟ. ಹಿಂದೆ ಮರಳಲ್ಲಿ ಎರಡು ಗೆರೆ ಎದ್ದವು. ಅಕ್ಕ ತಮ್ಮನ ತೋಳು ಗಟ್ಟಿಯಾಗಿ ಹಿಡಿದುಕೊಂಡು, "ನೋಡೋ, ಹಾಗೇ ಇದ್ದಾರೆ," ಅಂದಳು. ಮರುಕ್ಷಣ ಅದೇ ಡ್ರಮ್ಮು, ಅದೇ ಬೆಳಗಿನ ಉದ್ದ ನೆರಳು. ಸಾಹೇಬರು ಬಾವುಟ ಹಿಡಿದು ಗಂಭೀರವಾಗಿ ನಡೆದು ಬಂದರು. ಮರಳ ಮೇಲೆ ಒಂದು ಗೆರೆಯೂ ಇಲ್ಲ. ಬಾವುಟ ಒಣಹಾಕಿದ ಬಟ್ಟೆಯ ಹಾಗೆ ಅಲ್ಲಾಡದೆ ನೇತಾಡುತ್ತಿತ್ತು. ಜನ ಚಪ್ಪಾಳೆ ತಟ್ಟಿದರು.

ಅಕ್ಕ ಕೈ ಬಿಟ್ಟಳು.

"ಗಾಳಿ ಎಲ್ಲೋ?"

ಅವನು ಬಗ್ಗಿ ಚಪ್ಪಲಿ ಹುಡುಕತೊಡಗಿದ.

"ಗಾಳಿನೇ ಇಲ್ವಲ್ಲೋ. ಯಾರು ಒರೆಸಿದ್ದು?"

"ನಾನೇ ಅಕ್ಕ. ಅವರು ಹೇಳಿದ್ರು, ನಾನು..."

"ಮೂವತ್ತು ವರ್ಷ ನನ್ನ ಬಾಯಲ್ಲಿ ಗಾಳಿಗೆ ಹಿಡಿಶಾಪ ಹಾಕಿಸಿದ್ಯಲ್ಲೋ ಪಾಪಿ!"

ಅವನಿಗೆ ಅಳು ಉಕ್ಕಿ ಬಂತು. "ನಡಿ ಅಕ್ಕ, ಮನೆಗೆ ಹೋಗೋಣ," ಅಂದ.

ಅವಳು ಪರದೆಯಿಂದ ಕಣ್ಣು ಕೀಳಲಿಲ್ಲ.

"ನೀನು ಎದ್ದು ಹೋಗು. ಅವರು ಇನ್ನೊಂದ್ಸಲ ಬಂದ್ರೂ ಬರಬಹುದು. ಆ ಕುರ್ಚಿ ಖಾಲಿ ಇರ್ಲಿ."